ಚರೆ ಎಣಿಸಿದವಳು

ನಮ್ಮ ಮನೆಯಲ್ಲಿ ಮಾಂಸ ಬೇಯಿಸುತ್ತಿರಲಿಲ್ಲ. ಅಜ್ಜಿ ಇರುವವರೆಗೆ ಈರುಳ್ಳಿಯೂ ಹಿತ್ತಲ ಒಲೆಯ ಮೇಲೇ ಬೇಯಬೇಕಿತ್ತು. ಆದರೆ ಹುಣಸೂರಿನ ಸುತ್ತಮುತ್ತ ಯಾರ ಕೋವಿ ಕೆಟ್ಟರೂ ಅದು ಬರುತ್ತಿದ್ದದ್ದು ನಮ್ಮ ಮನೆಗೆ. ಅಪ್ಪ ಕೋವಿ ರಿಪೇರಿ ಮಾಡುವ ಆಚಾರಿ. ಬೀದಿ ಕಡೆಯ ಕೋಣೆ ಅಂಗಡಿ, ಅದರ ಹಿಂದೆ ನಡುಮನೆ, ಅದರ ಹಿಂದೆ ಅಡುಗೆಮನೆ. ಮೂರೂ ಒಂದೇ ಸಾಲಿನಲ್ಲಿ, ರೈಲು ಬೋಗಿಗಳ ಹಾಗೆ. ಅಂಗಡಿಯ ಎಣ್ಣೆ ವಾಸನೆ ನಡುಮನೆಯವರೆಗೆ ಬರುತ್ತಿತ್ತು, ಅಡುಗೆಮನೆಯ ಒಗ್ಗರಣೆಯೂ ನಡುಮನೆಯವರೆಗೆ ಬರುತ್ತಿತ್ತು. ಅಲ್ಲೇ ಓದಿ, ಅಲ್ಲೇ ಮಲಗಿ, ಅಲ್ಲೇ ಜಗಳವಾಡಿ ಬೆಳೆದ ನಾನು ಮತ್ತು ಅಣ್ಣ ನಾಗೇಶ ಶಾಲೆಗೆ ಎರಡೂ ವಾಸನೆ ಹೊತ್ತುಕೊಂಡು ಹೋಗುತ್ತಿದ್ದೆವು. ಆಯುಧಪೂಜೆಯ ದಿನ ಗೋಡೆಗೆ ಒರಗಿಸಿದ ಹದಿನೆಂಟು ಇಪ್ಪತ್ತು ಕೋವಿಗಳಿಗೆ ಅಜ್ಜಿ ವಿಭೂತಿ, ಕುಂಕುಮ ಹಚ್ಚುತ್ತಿದ್ದಳು. ಹಚ್ಚಿ ಕೈಮುಗಿದು, ಎಲ್ಲರಿಗೂ ಕೇಳುವ ಹಾಗೆ ಬೇಡಿಕೊಳ್ಳುತ್ತಿದ್ದಳು.

“ಯಾರ ಜೀವಾನೂ ತೆಗೀಬೇಡ್ರಪ್ಪಾ.”

“ಅಮ್ಮಾ, ಹಾಗೆ ಕೇಳ್ಕೊಂಡ್ರೆ ನಮ್ಮ ಹೊಟ್ಟೆ ಗತಿ?” ಎಂದು ಅಪ್ಪ ಹಿಂದಿನಿಂದ.

“ನಿನ್ನ ಹೊಟ್ಟೇನ ದೇವ್ರು ನೋಡ್ಕೋತಾನೆ. ಮೊದ್ಲು ತೆಂಗಿನಕಾಯಿ ಒಡಿ.”

ಇದನ್ನೆಲ್ಲ ನಾನು ಬರೆಯಲು ಕೂತದ್ದು ನಾಗೇಶನ ಮೇಲಿನ ಸಿಟ್ಟಿನಿಂದ; ಅದನ್ನು ಮುಚ್ಚಿಟ್ಟು ಪ್ರಯೋಜನವಿಲ್ಲ. ಕೊರೋನಾ ಬಂದು ಜಗತ್ತೆಲ್ಲ ಬಾಗಿಲು ಹಾಕಿಕೊಂಡು ಕೂತ ಮೇಲೆ, ಮಾಡಲು ಕೆಲಸವಿಲ್ಲದೆ, ಅವನು ನಮ್ಮ ಮನೆಮಂದಿಯ ವಾಟ್ಸಾಪ್ ಗುಂಪಿನಲ್ಲಿ ದಿನಕ್ಕೊಂದು ‘ನಮ್ಮ ಅಂಗಡಿಯ ಕಥೆ’ ಬರೆಯತೊಡಗಿದ. ನಾನಿರುವುದು ಐರ್ಲೆಂಡಿನ ಅತ್ಲೋನ್ ಊರಾಚೆಯ ಒಂದು ಹಳ್ಳಿದಾರಿಯಲ್ಲಿ. ನನ್ನ ಗಂಡ ಮಂಜುನಾಥ ಆಸ್ಪತ್ರೆಯ ಡಾಕ್ಟರು. ಆ ದಿನಗಳಲ್ಲಿ ಅವರ ಊಟವನ್ನು ಮುಂದಿನ ಕೋಣೆಯ ಬಾಗಿಲ ಹೊರಗಿಟ್ಟು, ಎರಡು ಸಲ ತಟ್ಟಿ, ಹಿಂದೆ ಸರಿದು ಬರುತ್ತಿದ್ದೆ. ಮಗಳು ಸಿಂಚನ ಮೇಲಿನ ಕೋಣೆಯಲ್ಲಿ ಲ್ಯಾಪ್‌ಟಾಪಿನ ಮುಂದೆ ಶಾಲೆ ಕಲಿಯುತ್ತಿದ್ದಳು. ಹೀಗೆ ಮೂವರಿಗೆ ಮೂರು ಹೊತ್ತು ಬೇಯಿಸಿ, ಬಾಗಿಲ ಹಿಡಿಗಳನ್ನು ಒರೆಸಿ, ಒಂದು ಬೆಳಿಗ್ಗೆ ಫೋನು ತೆಗೆದರೆ ಅಣ್ಣನ ಬರಹ: ‘ಎಸ್ಟೇಟ್ ಗೌಡರ ಟರ್ಕಿ ಕೋಳಿಗಾಗಿ ಆವತ್ತು ನಾನು ಹದಿನೈದು ಕಾಗದಗಳನ್ನು ಒಬ್ಬನೇ ಕೂತು ಎಣಿಸಿದೆ.’ ಕೆಳಗೆ ಅಣ್ಣನ ಮಕ್ಕಳು, ಚಿಕ್ಕಪ್ಪನ ಮಕ್ಕಳು ಎಲ್ಲರ ಚಪ್ಪಾಳೆ. ಒಲೆಯ ಮೇಲಿದ್ದ ಹಾಲು ಉಕ್ಕಿದ್ದೂ ನನಗೆ ತಿಳಿಯಲಿಲ್ಲ.

ಆ ಹದಿನೈದು ಕಾಗದ ಎಣಿಸಿದವಳು ನಾನು. ನನಗಾಗ ಹನ್ನೊಂದು ವರ್ಷ.

ಎಣಿಸುವುದೆಂದರೇನು ಎಂದು ಹೇಳಬೇಕು. ಹಕ್ಕಿ ಹೊಡೆಯುವ ಕೋವಿಯ ತೋಟಾದೊಳಗೆ ಸಾಸಿವೆಗಿಂತ ದೊಡ್ಡ, ಕಡಲೆಗಿಂತ ಚಿಕ್ಕ ಸೀಸದ ಕಾಳುಗಳಿರುತ್ತವೆ. ಅವಕ್ಕೆ ಚರೆ ಎನ್ನುತ್ತಾರೆ. ನಳಿಗೆಯ ತುದಿ ಎಷ್ಟು ಬಿಗಿಯಾಗಿದೆ ಎನ್ನುವುದರ ಮೇಲೆ ಆ ಚರೆ ಒಟ್ಟಾಗಿ ಹೋಗುತ್ತದೋ ಚದುರಿ ಹೋಗುತ್ತದೋ ಎಂಬುದು ನಿಂತಿರುತ್ತದೆ. ಆ ಬಿಗಿತಕ್ಕೆ ಸಾಹೇಬರುಗಳು ಚೋಕ್ ಎನ್ನುತ್ತಿದ್ದರು, ಅಪ್ಪ ‘ಕೋವಿಯ ಕುತ್ತಿಗೆ’ ಎನ್ನುತ್ತಿದ್ದರು. ಯಾವುದಾದರೂ ಕೋವಿಯ ಕುತ್ತಿಗೆ ಸರಿಯಾಗಿದೆಯೇ ಎಂದು ನೋಡಬೇಕಾದಾಗ ಅಪ್ಪ, ಅಣ್ಣ ಭಾನುವಾರ ಬೆಳಿಗ್ಗೆ ಸೈಕಲ್ಲಿನಲ್ಲಿ ಊರಾಚೆಯ ಹಳೇ ಕಲ್ಲುಗಣಿಗೆ ಹೋಗುತ್ತಿದ್ದರು. ಅಲ್ಲಿ ಬಿದಿರ ಚೌಕಟ್ಟಿಗೆ ದೊಡ್ಡ ಕಾಗದ ಕಟ್ಟಿ, ನಲವತ್ತು ಗಜ ದೂರದಿಂದ ಅಪ್ಪ ಗುಂಡು ಹಾರಿಸುತ್ತಿದ್ದರು. ಆ ಕಾಗದ ಮಾಡುವವಳು ನಾನು: ಹಳೇ ಪೇಪರಿನ ಹಾಳೆಗಳನ್ನು ಮೈದಾ ಗಂಜಿಯಲ್ಲಿ ಅಂಟಿಸಿ, ಹಿತ್ತಲ ಹಗ್ಗದ ಮೇಲೆ ಒಣಗಿಸಿ ಸುರುಳಿ ಸುತ್ತಿ ಕಟ್ಟಿಕೊಡುತ್ತಿದ್ದೆ. ಮಧ್ಯಾಹ್ನ ಅದೇ ಸುರುಳಿ ಮದ್ದಿನ ವಾಸನೆ ಹೊತ್ತು ವಾಪಸು ಬರುತ್ತಿತ್ತು. ಅದನ್ನು ನಡುಮನೆಯ ನೆಲದ ಮೇಲೆ ಹಾಸಿ, ಸೈಕಲ್ ರಿಮ್ಮು ಇಟ್ಟು ಸುತ್ತಲೂ ಗೆರೆ ಎಳೆದು, ವೃತ್ತದ ಒಳಗೆ ಎಷ್ಟು ತೂತು, ಹೊರಗೆ ಎಷ್ಟು ತೂತು ಎಂದು ಎಣಿಸುವುದು. ಒಂದೊಂದು ತೂತಿಗೂ ಕೆಂಪು ಪೆನ್ಸಿಲಿನ ಗುರುತು. ಹತ್ತು ಆದರೆ ಲೋಟಕ್ಕೆ ಒಂದು ಹುಣಸೆಬೀಜ. ಎಣಿಸಿ ಮುಗಿದ ಮೇಲೆ ಕಾಗದವನ್ನು ಕಿಟಕಿಗೆ ಹಿಡಿದರೆ ಬಿಟ್ಟುಹೋದ ತೂತುಗಳೆಲ್ಲ ಬೆಳಕಿನಲ್ಲಿ ತಾವೇ ಕಾಣಿಸಿಕೊಳ್ಳುತ್ತಿದ್ದವು. ಅದು ನನ್ನದೇ ಉಪಾಯ, ಯಾರೂ ಹೇಳಿಕೊಟ್ಟದ್ದಲ್ಲ. ಅಮ್ಮ ಅಡುಗೆಮನೆಯಿಂದಲೇ ಕೂಗುತ್ತಿದ್ದಳು.

“ಸೀಸ ಮೆತ್ತಿದ ಕೈ ಕಣೇ, ಸೀಗೆಪುಡಿ ಹಾಕಿ ತೊಳ್ಕೊಳ್ದೆ ಒಳಗೆ ಕಾಲಿಟ್ರೆ ನೋಡು.”

ಅಣ್ಣ ಎಣಿಸಲು ಕೂತರೆ ಅರವತ್ತರ ಹತ್ತಿರ ಲೆಕ್ಕ ತಪ್ಪಿ, “ಸುಮಾರು ನೂರು ಇರ್ಬೇಕು” ಎಂದು ಎದ್ದುಬಿಡುತ್ತಿದ್ದ. ‘ಸುಮಾರು’ ಎಂಬ ಮಾತನ್ನು ಅಪ್ಪ ಅಂಗಡಿಯಲ್ಲಿ ಸಹಿಸುತ್ತಿರಲಿಲ್ಲ. ಹಾಗಾಗಿ ಒಂಬತ್ತನೇ ವಯಸ್ಸಿಗೇ ಆ ಕೆಲಸ ನನ್ನ ಪಾಲಿಗೆ ಬಂತು. ಬಂದದ್ದು ಕೆಲಸ ಮಾತ್ರ.

ಎಸ್ಟೇಟ್ ಗೌಡರದು ಜಿಲ್ಲೆಯ ಗಡಿಯಾಚೆ ದೊಡ್ಡ ಕಾಫಿ ತೋಟ. ಅವರು ಚಂದಕ್ಕೆಂದು ಸಾಕಿದ್ದ ಟರ್ಕಿ ಕೋಳಿಗಳು ಗೂಡು ಬಿಟ್ಟು ಸಿಲ್ವರ್ ಓಕ್ ಮರಗಳನ್ನು ಹತ್ತಿ, ಎರಡು ವರ್ಷದಲ್ಲಿ ಯಾರ ಕೈಗೂ ಸಿಗದ ಕಾಡುಹಕ್ಕಿಗಳಾಗಿಬಿಟ್ಟಿದ್ದವಂತೆ. ಕ್ರಿಸ್‌ಮಸ್ಸಿಗೆ ಅವರ ಮನೆಗೆ ಪರದೇಶದ ನೆಂಟರು ಬರುವವರಿದ್ದರು. ಅವರಿಗೆ ಟರ್ಕಿ ಬಡಿಸಬೇಕು, ಬಡಿಸಿದ ಮಾಂಸದಲ್ಲಿ ಒಂದು ಚರೆಯೂ ಹಲ್ಲಿಗೆ ಸಿಗಬಾರದು. ಅಂದರೆ ಗುಂಡು ತಲೆಗೆ, ಕುತ್ತಿಗೆಗೆ ಮಾತ್ರ ಬೀಳಬೇಕು. ಅದಕ್ಕಾಗಿ ಅವರ ಅಳಿಯ ಹೊರದೇಶದಿಂದ ಹೊಸ ಕೋವಿ ತಂದುಕೊಟ್ಟಿದ್ದ. ಅದರ ನಳಿಗೆಯ ತುದಿಗೆ ತಿರುಪಿ ಕೂರಿಸುವ ಐದು ಉಕ್ಕಿನ ಕೊಳವೆಗಳು ಒಂದು ಮಖಮಲ್ಲಿನ ಡಬ್ಬಿಯಲ್ಲಿದ್ದವು. ಅಂಚಿನ ಮೇಲೆ ಒಂದು ಗೀರು ಇದ್ದರೆ ಎಲ್ಲಕ್ಕಿಂತ ಬಿಗಿ, ಐದು ಗೀರು ಇದ್ದರೆ ಎಲ್ಲಕ್ಕಿಂತ ಸಡಿಲ. ಇವುಗಳಲ್ಲಿ ಟರ್ಕಿಗೆ ಯಾವುದು ಎಂದು ಹೇಳುವುದು ಅಪ್ಪನ ಕೆಲಸ. ಹಕ್ಕಿ ಹೇಗಿರುತ್ತದೆಂದು ನಮಗೆ ಗೊತ್ತಿರಲೆಂದು ಗೌಡರು ಬಿಸ್ಕತ್ತಿನ ಡಬ್ಬಿಯ ಒಂದು ಮುಚ್ಚಳ ಕೊಟ್ಟುಹೋದರು. ಅದರ ಮೇಲಿನ ಚಿತ್ರ ನೋಡಿ ಅಜ್ಜಿ ಮುಖ ಸಿಂಡರಿಸಿದಳು.

“ಥೂ, ಕುತ್ತಿಗೆ ತುಂಬಾ ಬಾವು ಬಂದಿದ್ಯಲ್ಲೋ. ಇದನ್ನ ತಿಂತಾರಾ? ಔಷಧಿ ಹಾಕ್ತಾರಾ?”

ಆ ಬಾವು ಬಂದ ಕುತ್ತಿಗೆಯನ್ನು ಹದಿನೈದು ಕಾಗದಗಳ ಮೇಲೆ ಇದ್ದಿಲಿನಲ್ಲಿ ಬರೆದವಳೂ ನಾನೇ. ಒಂದೊಂದು ಕೊಳವೆಗೆ ಮೂರು ಕಾಗದ. ಭಾನುವಾರ ಬೆಳಿಗ್ಗೆ ಗಣಿಯಲ್ಲಿ ಹದಿನೈದು ಗುಂಡು ಹಾರಿತು, ಮಧ್ಯಾಹ್ನ ಹದಿನೈದು ಕಾಗದ ನನ್ನ ಮುಂದೆ ಬಂತು. ಮೊದಲ ಕಾಗದ ಹಾಸಿದಾಗಲೇ ಏನೋ ತಪ್ಪಾಗಿದೆ ಅನ್ನಿಸಿತು. ಒಂದು ಗೀರಿನ ಕೊಳವೆ, ಎಲ್ಲಕ್ಕಿಂತ ಬಿಗಿಯಾದದ್ದು, ಚರೆಯನ್ನು ಒಟ್ಟಾಗಿ ಒಯ್ಯಬೇಕಿತ್ತು. ಆದರೆ ತೂತುಗಳು ಅಲ್ಲೊಂದು ಗುಂಪು, ಇಲ್ಲೊಂದು ಗುಂಪು. ಕೋಳಿಯ ತಲೆ ಇದ್ದ ಜಾಗ ಬೋಳು. ಎರಡನೇ ಕಾಗದದಲ್ಲಿ ತಲೆಗೆ ಒಂದು ಚರೆ, ಮೂರನೆಯದರಲ್ಲಿ ಅದೂ ಇಲ್ಲ. ಎರಡು ಗೀರಿನ ಕೊಳವೆಯ ಮೂರೂ ಕಾಗದಗಳಲ್ಲಿ ಮಾತ್ರ ತಲೆಗೂ ಕುತ್ತಿಗೆಗೂ ಸೇರಿ ಆರು, ಏಳು, ಮತ್ತೆ ಏಳು. ನನ್ನ ಮೇಲೇ ನಂಬಿಕೆ ಬಾರದೆ ಎಲ್ಲವನ್ನೂ ಇನ್ನೊಮ್ಮೆ ಎಣಿಸಿದೆ. ಇನ್ನೂ ಒಮ್ಮೆ, ಈ ಸಲ ಒಂದೊಂದು ತೂತಿನ ಮೇಲೂ ಒಂದೊಂದು ರಾಗಿಕಾಳು ಇಟ್ಟು. ಬೆನ್ನು ಬಿಗಿದುಕೊಂಡಿತು, ಮೊಣಕಾಲಿನ ಮೇಲೆ ಚಾಪೆಯ ಗೆರೆ ಮೂಡಿತು. ಕಾಫಿ ಹೊತ್ತಿಗೆ ಅಪ್ಪ ಬಂದು ನನ್ನ ಪಕ್ಕ ಕುಕ್ಕರಗಾಲಲ್ಲಿ ಕೂತರು. ಅಣ್ಣನೂ ಬಂದ.

“ಅಪ್ಪ, ಟರ್ಕಿಗೆ ಎರಡು ಗೀರಿಂದು. ಒಂದು ಗೀರಿಂದು ನಡೂಮಧ್ಯ ಬೋಳು.”

“ಬಿಗಿ ಇದ್ದಷ್ಟೂ ಒಟ್ಟಿಗೆ ಹೋಗತ್ತೆ, ಅಷ್ಟೂ ಗೊತ್ತಿಲ್ವಾ ನಿಂಗೆ?” ಎಂದು ನಾಗೇಶ ನಕ್ಕ. “ತಪ್ಪು ಎಣಿಸಿದ್ದಾಳೆ ಬಿಡಿ ಅಪ್ಪ.”

“ಮೂರು ಸಲ ಎಣಿಸಿದ್ದೀನಿ. ಬೇಕಾದ್ರೆ ನೀನೇ ಎಣಿಸು.”

ಅವನು ಎಣಿಸಲಿಲ್ಲ. ಅಪ್ಪ ಒಂದೊಂದೇ ಕಾಗದವನ್ನು ಕಿಟಕಿಗೆ ಹಿಡಿದು ನೋಡಿದರು. ಬಹಳ ಹೊತ್ತು ನೋಡಿದರು.

“ಟೆಂಟ್ ಸಿನಿಮಾ ಬಿಟ್ಟಾಗ ಬಾಗಿಲು ತೀರಾ ಕಿರಿದಾಗಿದ್ರೆ ಏನಾಗತ್ತೆ?” ಎಂದು ಅಣ್ಣನನ್ನು ಕೇಳಿದರು. “ಜನ ನುಗ್ತಾರೆ, ಒಬ್ರಿಗೊಬ್ರು ತಳ್ಳಾಡಿ, ಹೊರಗೆ ಬಂದ್ಮೇಲೆ ದಿಕ್ಕಾಪಾಲು. ನಮ್ಮ ತೋಟಾದ ಚರೆ ಮೆತ್ತಗಿದೆ ಕಣೋ. ಅಷ್ಟು ಬಿಗಿ ಕುತ್ತಿಗೇಲಿ ಹಿಸುಕಿ ಹಾಳಾಗತ್ತೆ. ಗೀತು ಹೇಳಿದ್ದು ಸರಿ.”

ಆ ಮೂರು ಪದ ನನಗೆ ಎಷ್ಟು ದೊಡ್ಡದಾಗಿತ್ತೆಂದರೆ, ಆ ಸಂಜೆ ಅಮ್ಮ ಎರಡು ಸಲ ಕರೆದರೂ ನೀರು ಸೇದಲು ಏಳಲಿಲ್ಲ. ಗೌಡರು ಬರುವ ದಿನವನ್ನು ಹಬ್ಬದ ಹಾಗೆ ಕಾದೆ. ಜಡೆಗೆ ಹೊಸ ಟೇಪು ಕಟ್ಟಿಕೊಂಡೆ. ಅವರು ಬಂದರು, ಅಂಗಡಿಯಲ್ಲಿ ಕೂತರು, ಅಪ್ಪ ಕಾಗದಗಳನ್ನು ಬಿಡಿಸಿ ತೋರಿಸಿದರು. ನಾನು ಕಾಫಿ ತಟ್ಟೆ ಹಿಡಿದು ನಡುಮನೆಯ ಪರದೆಯ ಹಿಂದೆ ನಿಂತಿದ್ದೆ. ಕೆಂಪು ಗುರುತುಗಳ ಸಾಲಿನ ಮೇಲೆ ಗೌಡರು ಬೆರಳಾಡಿಸುವುದು ಕಾಣುತ್ತಿತ್ತು.

“ಭೇಷ್ ಆಚಾರ್ರೇ! ಎಷ್ಟು ನೀಟಾಗೈತೆ. ಯಾರು ಎಣಿಸಿದ್ದು?”

“ನಮ್ಮ ಹುಡುಗ, ಸಾರ್. ನಾಗೇಶ. ಮೂರು ಸಲ ಎಣಿಸಿದ್ದಾನೆ.”

ಪರದೆಯ ಹಿಂದೆ ನಾನು ತಟ್ಟೆ ಬೀಳಿಸಲಿಲ್ಲ. ಬೀಳಿಸಬೇಕಿತ್ತು. ಅಂಗಡಿಗೆ ಹೋಗಿ, ಕಾಫಿ ಕೊಟ್ಟು, ಬಂದೆ. ಗೌಡರು ನನ್ನ ತಲೆ ನೇವರಿಸಿ, “ಪುಟ್ಟಿ ಕಾಫಿ ಚೆನ್ನಾಗೈತವ್ವ” ಎಂದರು. ಕಾಫಿ ಮಾಡಿದ್ದು ಅಮ್ಮ. ಆ ಮನೆಯಲ್ಲಿ ಯಾರು ಮಾಡಿದ್ದು ಯಾರ ತಲೆಗೆ ಹೋಗುತ್ತಿತ್ತೋ ದೇವರೇ ಬಲ್ಲ. ಅವರ ಜೀಪು ಹೋದ ಮೇಲೆ ಅಪ್ಪನ ಮುಂದೆ ನಿಂತೆ.

“ನಾನಲ್ವಾ ಎಣಿಸಿದ್ದು?”

“ನೀನೇ ಕಣಮ್ಮ.”

“ಮತ್ತೆ?”

“ಹೆಣ್ಣುಮಗು ಎಣಿಸ್ತು ಅಂದ್ರೆ ಅವರು ನಂಬಲ್ಲ ಗೀತು. ಕೋವಿ ಎತ್ಕೊಂಡು ಬೇರೆ ಕಡೆ ಹೋಗ್ತಾರೆ. ವ್ಯಾಪಾರದ ಮಾತು, ನಿಂಗರ್ಥ ಆಗಲ್ಲ.”

ಅಮ್ಮನ ಹತ್ತಿರ ಹೋಗಿ ಅತ್ತೆ. ಅವಳು ಹುರುಳಿಕಾಳು ಆರಿಸುತ್ತಿದ್ದವಳು ತಲೆ ಎತ್ತಲಿಲ್ಲ. “ಯಾರು ಎಣಿಸಿದ್ರೇನು, ಮನೇಗೇ ತಾನೇ ಬಂದಿದ್ದು ಹೆಸರು” ಎಂದಳು. ಮನೆಗೆ ಬಂದ ಹೆಸರು ಮನೆಯಲ್ಲಿ ಯಾವ ಗೂಟಕ್ಕೆ ನೇತುಬಿದ್ದಿತ್ತೆಂದು ನಾನು ನೋಡಲಿಲ್ಲವೇ? ಹೊಸ ವರ್ಷದ ಹೊತ್ತಿಗೆ ಗೌಡರು ಮತ್ತೆ ಬಂದು, ಎರಡು ಟರ್ಕಿ ಬಿದ್ದವು, ನೆಂಟರ ಹಲ್ಲಿಗೆ ಒಂದು ಚರೆಯೂ ಸಿಗಲಿಲ್ಲ ಎಂದು ಹೇಳಿ, ನಾಗೇಶನ ಮಣಿಕಟ್ಟಿಗೆ ತಾವೇ ಒಂದು ಕೈಗಡಿಯಾರ ಕಟ್ಟಿದರು. ಅವನು ಬೇಡ ಅನ್ನಲಿಲ್ಲ. ಕೈ ಸ್ವಲ್ಪ ಮುಂದೆ ಚಾಚಿದ, ಅಷ್ಟೇ. ಆಮೇಲೆ ಗೌಡರ ಸ್ನೇಹಿತರು ಕೋವಿ ಹಿಡಿದು ಬಂದರೆ ಕೇಳುತ್ತಿದ್ದದ್ದೇ “ಆ ಲೆಕ್ಕದ ಹುಡುಗ ಎಲ್ಲಿ?” ಎಂದು. ಲೆಕ್ಕದ ಹುಡುಗ ಗಡಿಯಾರ ನೋಡುತ್ತಾ ಬಾಗಿಲಲ್ಲಿ ನಿಲ್ಲುತ್ತಿದ್ದ. ಒಳಗೆ ನೆಲದ ಮೇಲೆ ಲೆಕ್ಕ ನಡೆಯುತ್ತಿತ್ತು. ಒಮ್ಮೆ ಮಾತ್ರ ಎರಡು ವಾರ ನಾನು ಎಣಿಸುವುದಿಲ್ಲ ಎಂದು ಕೂತೆ. ಯಾರೂ ಬೈಯಲಿಲ್ಲ. ಮೂರನೇ ಭಾನುವಾರ ಅಪ್ಪ ಕಾಗದದ ಸುರುಳಿಯನ್ನು ನನ್ನ ಮಗ್ಗುಲಲ್ಲಿಟ್ಟು ಹೋದರು. ಅರ್ಧ ಗಂಟೆ ಅದನ್ನು ನೋಡಿದೆ. ಆಮೇಲೆ ಬಿಚ್ಚಿದೆ. ತಪ್ಪಾಗಿ ಎಣಿಸಿಬಿಡೋಣವೇ ಅನ್ನಿಸಿತು, ಕೈ ಒಪ್ಪಲಿಲ್ಲ. ನನ್ನ ಹತ್ತನೇ ತರಗತಿಯವರೆಗೂ ಹಾಗೇ ನಡೆಯಿತು.

ಇಷ್ಟೆಲ್ಲ ಇಟ್ಟುಕೊಂಡೂ ನಾನು ಅಪ್ಪನನ್ನು ಕ್ಷಮಿಸಿದ್ದೆ. ಅವರು ಹೋಗಿ ಎಷ್ಟೋ ವರ್ಷವಾಯಿತು. ಕಾಲ ಹಾಗಿತ್ತು, ಅಂಗಡಿ ನಡೆಯಬೇಕಿತ್ತು, ಅವರಾದರೂ ಏನು ಮಾಡಬಹುದಿತ್ತು ಎಂದು ನಾನೇ ಅವರ ಪರವಾಗಿ ವಾದ ಮಾಡಿ, ನಾನೇ ಗೆಲ್ಲಿಸಿ ಬಿಟ್ಟಿದ್ದೆ. ಅಣ್ಣನ ವಾಟ್ಸಾಪ್ ಬರಹ ಬಂದ ದಿನವೂ, ಅವನಿಗೆ ಫೋನು ಮಾಡಿದಾಗ, ನಗುತ್ತಲೇ ಶುರುಮಾಡಿದೆ.

“ಅಣ್ಣ, ಆ ಹದಿನೈದು ಕಾಗದ ಎಣಿಸಿದ್ದು ಯಾರೋ?”

“ನಾನು ಕಣೇ. ನೀನು ಗಂಜಿ ಕಲಸ್ತಿದ್ದೆ, ನಂಗೆ ಚೆನ್ನಾಗಿ ನೆನಪಿದೆ.”

ಅವನು ಸುಳ್ಳು ಹೇಳುತ್ತಿರಲಿಲ್ಲ, ಅದೇ ಭಯಂಕರ. ಗಡಿಯಾರ ಕಟ್ಟಿಕೊಂಡು ಕಟ್ಟಿಕೊಂಡು ಅವನಿಗೆ ಹಾಗೇ ನೆನಪಾಗಿಹೋಗಿತ್ತು. ಅಮ್ಮ ಇರುವುದು ಅವನ ಜೊತೆಯಲ್ಲೇ. ಅಮ್ಮನಿಗೆ ಕೊಡು ಎಂದೆ. ಅವಳು ಫೋನು ತೆಗೆದುಕೊಂಡು, “ಇಬ್ರೂ ಎಣಿಸ್ತಿದ್ರಿ ಬಿಡ್ರೇ, ಈ ವಯಸ್ಸಲ್ಲಿ ಜಗಳ ಯಾಕೆ” ಎಂದಳು. ಮುಂದಿನ ಕೋಣೆಯ ಬಾಗಿಲಾಚೆಯಿಂದ ಮಂಜುನಾಥರೂ ಅದನ್ನೇ ಹೇಳಿದರು: “ಬಿಡೇ, ಹಳೇ ಮಾತು.” ಸಿಂಚನ ಒಬ್ಬಳೇ ಮೆಟ್ಟಿಲ ಮೇಲೆ ಕೂತು ಪೂರ್ತಿ ಕೇಳಿಸಿಕೊಂಡು, “ದಟ್ಸ್ ಪ್ಯೂರ್ ರಾಂಗ್, ಅಮ್ಮ, ಲೈಕ್” ಎಂದು ಇಲ್ಲಿಯ ಹುಡುಗಿಯರ ಧಾಟಿಯಲ್ಲಿ ತೀರ್ಪು ಕೊಟ್ಟಳು.

ನಮ್ಮ ಬೇಲಿಯಾಚೆ ಟಾಮ್ ಎಂಬ ರೈತ. ಅರವತ್ತು ದಾಟಿದವನು, ಒಂಟಿ. ಕ್ರಿಸ್‌ಮಸ್ಸಿಗೆ ಮಾರಲು ನಲವತ್ತು ಟರ್ಕಿ ಸಾಕಿದ್ದ. ಮನೆಯಿಂದ ಐದು ಕಿಲೋಮೀಟರ್ ಮೀರಿ ಯಾರೂ ಹೋಗುವಂತಿಲ್ಲದ ದಿನಗಳವು. ನಾನು ದಿನಾ ಬಟ್ಟೆ ಒಣಹಾಕುವಾಗ ಅವನು ಬೇಲಿಯಾಚೆಯಿಂದ ಹವಾಮಾನ ಹೇಳುತ್ತಿದ್ದ. ಆ ವರ್ಷದ ನವೆಂಬರಿನಲ್ಲಿ ನರಿಯೊಂದು ಅವನ ಹಕ್ಕಿಗಳನ್ನು ಒಂದೊಂದಾಗಿ ಒಯ್ಯತೊಡಗಿತು. ಅವನು ಆನ್‌ಲೈನಿನಲ್ಲಿ ಎಲ್ಲಕ್ಕಿಂತ ಬಿಗಿಯಾದ ಚೋಕ್ ತರಿಸಿ, ಹಾಡಹಗಲಲ್ಲೇ ಎರಡು ಸಲ ಗುರಿ ತಪ್ಪಿದ್ದ. ಅವನ ಇಂಗ್ಲಿಷನ್ನು ನನ್ನ ಕನ್ನಡದಲ್ಲಿ ಹೇಳುವುದಾದರೆ, “ಕಣ್ಣು ಹೋಯ್ತು ನಂದು, ಮಿಸೆಸ್” ಎಂದ. ನನಗೆ ತಡೆಯಲಾಗಲಿಲ್ಲ.

“ಕಣ್ಣಲ್ಲ ಟಾಮ್. ನಿನ್ನ ಚೋಕ್ ತೀರಾ ಬಿಗಿ. ರಟ್ಟಿನ ಮೇಲೆ ಹೊಡೆದು ನೋಡು, ನಾನು ಎಣಿಸ್ತೀನಿ.”

ಅವನು ಟೋಪಿ ಹಿಂದೆ ಸರಿಸಿ ನನ್ನ ಮುಖ ನೋಡಿದ. ನಗಲಿಲ್ಲ. ಮಧ್ಯಾಹ್ನ ಅವನ ಹಿಂದಿನ ಹೊಲದಲ್ಲಿ ಮೂರು ಕೊಳವೆ, ಆರು ರಟ್ಟು. ರಟ್ಟುಗಳನ್ನು ಬೇಲಿಯ ಮೇಲಿಟ್ಟು ಅವನು ಎರಡು ಮೀಟರ್ ಹಿಂದೆ ಸರಿದು ನಿಂತ; ಮಗಳ ಮಾರ್ಕರ್ ಹಿಡಿದು ನಾನು ಒದ್ದೆ ಹುಲ್ಲಿನ ಮೇಲೆ ಕೂತೆ. ಅದೇ ಕಥೆ: ಬಿಗಿಯಾದದ್ದು ನಡುವೆ ಬೋಳು, ಅದರ ನಂತರದ್ದು ತುಂಬಿಕೊಂಡಿತ್ತು. ಎರಡು ಸಲ ಎಣಿಸಿ ಹೇಳಿದೆ. “ಗ್ರ್ಯಾಂಡ್” ಎಂದವನೇ ಅಲ್ಲೇ ಕೊಳವೆ ಬದಲಾಯಿಸಿದ. ನಾಲ್ಕನೇ ದಿನ ನರಿ ಬಿತ್ತು.

ಅದರ ಮರುದಿನ ಹಾಲು ತರಲು ಊರಂಗಡಿಗೆ ಹೋಗಿದ್ದೆ. ಹೊರಗೆ ಎಲ್ಲರೂ ಮುಖಕ್ಕೆ ಮಾಸ್ಕ್ ಹಾಕಿ ದೂರದೂರ ಸಾಲು ನಿಂತಿದ್ದರು. ಟಾಮ್ ನನಗಿಂತ ಮೂರು ಜನ ಮುಂದಿದ್ದ. ಯಾರೋ ಅವನನ್ನು ರಸ್ತೆಯ ಆ ಕಡೆಯಿಂದ ಕೂಗಿ, ನರಿ ಹೊಡೆದೆಯಂತೆ, ನಿನ್ನ ವಯಸ್ಸಿಗೆ ಭಲೇ ಗುರಿ ಎಂದ. ಟಾಮ್ ತಿರುಗಿ ಹೆಬ್ಬೆರಳಿನಿಂದ ನನ್ನನ್ನು ತೋರಿಸಿದ.

“ನಂದೇನಿಲ್ಲ. ಆ ಗೀತಾ ಎಣಿಸಿ ಹೇಳಿದ್ದು. ನಾನು ಬರೀ ಟ್ರಿಗರ್ ಎಳೆದೆ.”

ಅಷ್ಟೇ. ಅವನು ಮತ್ತೆ ಮುಂದಕ್ಕೆ ತಿರುಗಿ ನಿಂತ. ಸಾಲಿನಲ್ಲಿದ್ದವರು ನನ್ನ ಕಡೆ ತಲೆಯಾಡಿಸಿ, ಮತ್ತೆ ಮಳೆಯ ಮಾತಿಗೆ ಹೋದರು. ನನಗೆ ಸಂತೋಷವಾಗಬೇಕಿತ್ತು, ಮೈಯೆಲ್ಲ ಉರಿಯಿತು. ಒಂದು ಉಸಿರಿನ ಮಾತು. ಅದನ್ನು ಹೇಳಲು ಈ ಮನುಷ್ಯ ಕೆಮ್ಮಲಿಲ್ಲ, ಆಚೀಚೆ ನೋಡಲಿಲ್ಲ, ಹೇಳಿದ್ದರಿಂದ ಅವನದೇನೂ ಹೋಗಲಿಲ್ಲ. ಇಷ್ಟು ಸುಲಭವಾಗಿತ್ತೇ? ಕಷ್ಟವಿತ್ತು ಎಂದುಕೊಂಡಲ್ಲವೇ ನಾನು ಅಪ್ಪನಿಗೆ ಕ್ಷಮೆ ಕೊಟ್ಟದ್ದು! ಹಾಲು ತೆಗೆದುಕೊಳ್ಳದೆ ಮನೆಗೆ ಬಂದೆ. ಕೋಟು ಬಿಚ್ಚದೆ ಅಡುಗೆಮನೆಯಲ್ಲಿ ನಿಂತು ಗುಂಪಿನಲ್ಲಿ ಬರೆದೆ: ‘ಟರ್ಕಿಯ ಹದಿನೈದು ಕಾಗದಗಳನ್ನೂ ಎಣಿಸಿದ್ದು ಗೀತಾ. ಎರಡು ಗೀರಿನ ಕೊಳವೆ ಎಂದದ್ದೂ ಗೀತಾ. ಅಪ್ಪನಿಗೆ ಗೊತ್ತಿತ್ತು, ಅಮ್ಮನಿಗೆ ಗೊತ್ತಿತ್ತು. ಗೊತ್ತಿದ್ದೂ ಹೇಳಲಿಲ್ಲ.’

ಚಪ್ಪಾಳೆ ಬರಲಿಲ್ಲ. ಅರ್ಧ ಗಂಟೆಗೆ ವಿಡಿಯೋ ಕಾಲ್ ಬಂತು. ಪರದೆಯ ಮೇಲೆ ಅಮ್ಮನ ಹಣೆ, ಪಕ್ಕದಲ್ಲಿ ನಾಗೇಶನ ಭುಜ.

“ನೀನೇ ಕಣೇ ಎಣಿಸಿದ್ದು,” ಎಂದಳು ಅಮ್ಮ. “ನಿಮ್ಮಪ್ಪ ಹೇಳ್ಲಿಲ್ಲ, ನಾನೂ ಹೇಳ್ಲಿಲ್ಲ. ತಪ್ಪೇ.”

“ಇದನ್ನ ಅಣ್ಣಂಗೆ ಹೇಳಮ್ಮ.”

“ಇಲ್ಲೇ ಕೂತವ್ನೆ. ಕೇಳಿಸ್ಕೊಂಡ.”

ಫೋನು ಕೈ ಬದಲಾಯಿತು. ನಾಗೇಶನ ಮುಖ ಪೂರ್ತಿ ಕಂಡಿತು, ನಿಜವಾಗಿಯೂ ಕಂಗಾಲಾಗಿದ್ದ. ಪಾಪ ಅನ್ನಿಸಲಿಲ್ಲ.

“ಹಂಗಾದ್ರೆ ಆವತ್ತು ಮಧ್ಯಾಹ್ನ ನಾನೇನು ಮಾಡ್ತಿದ್ದೆ ಗೀತು?”

“ನೀನು ಮಲಗಿದ್ದೆ, ಅಣ್ಣ. ಕಾಗದ ಸದ್ದು ಮಾಡ್ಬೇಡ ಅಂತ ನನಗೆ ಬೈದು, ಮಗ್ಗುಲು ಬದಲಾಯಿಸಿ ಮತ್ತೆ ಮಲಗಿದ್ದೆ.”